ಹೊತ್ತನ್ನು ಬಲ್ಲ ಹೊತ್ತಿಗೆ

ಹೋಶ್‌ರುಬಾ ಎಂಬ ಮಾಯಾರಾಜ್ಯದ ದೊರೆ ಅಫ್ರಾಸಿಯಾಬ್. ಅವನಿಗೆ ಅನುಮಾನ ಹುಟ್ಟಿದರೆ ಗೂಢಚಾರರಿಗೆ ಕಾಯಬೇಕಾಗಿಲ್ಲ, ಒಂದು ಪುಸ್ತಕ ತೆರೆದರೆ ಸಾಕು. ಆ ಪುಸ್ತಕದ ಹೆಸರು ಕಿತಾಬ್-ಎ-ಸಾಮರಿ. ಅಲ್ಲಿನ ಮಾಂತ್ರಿಕರು ದೇವರೆಂದು ಪೂಜಿಸುವ ಸಾಮರಿಯ ಹೆಸರಿನ ಪುರಾತನ ಗ್ರಂಥ ಅದು. ಶತ್ರು ಎಲ್ಲಿದ್ದಾನೆ, ದರ್ಬಾರಿನಲ್ಲಿ ಮದಿರೆ ಸುರಿಯುತ್ತಿರುವ ದಾಸಿ ನಿಜಕ್ಕೂ ಯಾರು, ದೂರದ ಪಾಳೆಯದಲ್ಲಿ ಈಗ ಏನು ನಡೆಯುತ್ತಿದೆ, ಎಲ್ಲವೂ ಅದರ ಪುಟಗಳಲ್ಲಿ ಮೂಡುತ್ತದೆ. ಇಂಥ ಪುಸ್ತಕ ಕೈಯಲ್ಲಿದ್ದೂ ಅವನು ಮತ್ತೆ ಮತ್ತೆ ಮೋಸಹೋಗುತ್ತಾನೆ. ಶತ್ರುಪಕ್ಷದ ಅಯ್ಯಾರ (ವೇಷ ಮರೆಸಿ ಮೋಸಗೊಳಿಸುವ ಚತುರ) ಅಮರನೂ ಅವನ ಸಂಗಡಿಗರೂ ವೇಷ ಬದಲಿಸಿ ಬಂದು, ಮತ್ತುಬರಿಸಿ, ತಲೆ ಬೋಳಿಸಿ, ಗಂಟು ಕಟ್ಟಿಕೊಂಡು ಹೋದ ಮೇಲೆ ದೊರೆ ಪುಸ್ತಕ ತೆರೆದು ನೋಡುತ್ತಾನೆ. ಪುಸ್ತಕಕ್ಕೆ ಎಲ್ಲ ಗೊತ್ತು. ತನ್ನನ್ನು ಯಾವಾಗ ತೆರೆಯಬೇಕು ಎಂದು ಮಾತ್ರ ಅದು ಹೇಳುವುದಿಲ್ಲ.

ಉರ್ದುವಿನ ‘ತಿಲಿಸ್ಮ್-ಎ-ಹೋಶ್‌ರುಬಾ’ದ ಮೊದಲ ಸಂಪುಟ ಲಖನೌದ ನವಲ್ ಕಿಶೋರ್ ಪ್ರೆಸ್ಸಿನಿಂದ ಹೊರಬಂದದ್ದು 1883ರಲ್ಲಿ. ಮೊದಲ ನಾಲ್ಕು ಸಂಪುಟಗಳು ಮುಹಮ್ಮದ್ ಹುಸೇನ್ ಜಾಹ್ ಅವರವು, ಮುಂದಿನವು ಅಹಮದ್ ಹುಸೇನ್ ಕಮರ್ ಅವರವು. 46 ಸಂಪುಟಗಳ ಅಮೀರ್ ಹಮ್ಜಾ ದಾಸ್ತಾನಿನಲ್ಲಿ, ಅಂದರೆ ವೀರ ಹಮ್ಜಾನ ಸುದೀರ್ಘ ಕಥೆಯಲ್ಲಿ, ಇದು ಎಲ್ಲರ ಮನಸ್ಸು ಕದ್ದ ಭಾಗ. ತಿಲಿಸ್ಮ್ ಎಂದರೆ ಮಾಯೆಯಿಂದ ಕಟ್ಟಿದ ಲೋಕ. ಹೋಶ್‌ರುಬಾದಲ್ಲಿ ಜಾಹಿರ್, ಬಾತಿನ್, ಜುಲ್ಮಾತ್ ಎಂದು ಮೂರು ಸೀಮೆಗಳು: ಕಾಣುವುದು, ಅಡಗಿರುವುದು, ಕತ್ತಲಿನದು. ನಡುವೆ ಹರಿಯುವ ನೆತ್ತರಿನ ಹೊಳೆ, ಅದರ ಮೇಲೆ ಹೊಗೆಯ ಸೇತುವೆ. ಇಂಥ ಲೋಕ ಕಟ್ಟುವಾಗಲೇ ಅದರ ಆಯಸ್ಸೂ ಅದನ್ನು ಮುರಿಯುವವನ ಹೆಸರೂ ನಿಗದಿಯಾಗಿರುತ್ತವೆ. ಮುರಿಯುವ ಬಗೆಯನ್ನು ಹೇಳಿಕೊಡುವ ಒಂದು ಫಲಕವೂ, ಅದಕ್ಕೆ ‘ಲೌಹ್’ ಎನ್ನುತ್ತಾರೆ, ಎಲ್ಲೋ ಅಡಗಿರುತ್ತದೆ. ಅಂದರೆ ಒಂದೇ ಲೋಕದಲ್ಲಿ ಎರಡು ಬರಹಗಳು. ದೊರೆಯ ಕೈಯಲ್ಲಿ ಎಲ್ಲ ಬಲ್ಲ ಪುಸ್ತಕ, ಇನ್ನೆಲ್ಲೋ ಅವನ ಕೊನೆಯನ್ನು ಬಲ್ಲ ಫಲಕ. ದೇವಕೀನಂದನ್ ಖತ್ರಿಯವರು 1888ರ ಹಿಂದಿ ‘ಚಂದ್ರಕಾಂತಾ’ಕ್ಕೆ ತಿಲಿಸ್ಮನ್ನೂ ಅಯ್ಯಾರರನ್ನೂ ತಂದುಕೊಂಡದ್ದು ಈ ಪರಂಪರೆಯಿಂದಲೇ.

ನಾನು ಇಲ್ಲಿ ಕೇಳಿಕೊಳ್ಳುತ್ತಿರುವ ಪ್ರಶ್ನೆ ಒಂದೇ. ಕಲ್ಪನೆಯ ಲೋಕ ಕಟ್ಟುವ ಬರಹಗಾರರಿಗೆ ಕಾಲವನ್ನು ಆಳುವ ಪುರಾತನ ಗ್ರಂಥವೊಂದರ ಮೇಲೆ ತೀರದ ಆಸೆ. ಆದರೆ ಹಾಗೊಂದು ಗ್ರಂಥವನ್ನು ಕಥೆಯೊಳಗೆ ಇಟ್ಟ ಕೂಡಲೇ ಕಥೆಗೇ ಕುತ್ತು. ನಾಳೆ ಏನೆಂದು ಪುಟದಲ್ಲಿ ಬರೆದಿದ್ದರೆ ನಾಯಕ ಯಾಕೆ ಕುದುರೆ ಏರಬೇಕು, ನಾವು ಯಾಕೆ ಮುಂದೆ ಓದಬೇಕು? ಹಾಗಾಗಿ ಒಬ್ಬೊಬ್ಬ ಬರಹಗಾರರೂ ಆ ಗ್ರಂಥವನ್ನು ಎಲ್ಲೋ ಒಂದು ಕಡೆ ಊನಮಾಡಲೇಬೇಕಾಗುತ್ತದೆ. ಯಾರು ಎಲ್ಲಿ ಊನಮಾಡಿದರು ಎಂಬುದನ್ನು ಹಿಂಬಾಲಿಸಿದರೆ ಈ ಕಥೆಗಳ ಒಳಗುಟ್ಟು ಸಿಗುತ್ತದೆ ಎಂದು ಬಹಳ ಕಾಲದಿಂದ ನನಗೆ ಅನ್ನಿಸಿದೆ.

ಇತ್ತೀಚಿನ ಕಾಲದಲ್ಲಿ ಈ ಗ್ರಂಥದ ಅತಿ ಪ್ರಸಿದ್ಧ ರೂಪ ಇರುವುದು ವಿಡಿಯೋ ಗೇಮ್‌ನಲ್ಲಿ. ಬೆತೆಸ್ಡಾ ಕಂಪನಿಯ ‘ದಿ ಎಲ್ಡರ್ ಸ್ಕ್ರೋಲ್ಸ್’ ಸರಣಿಯ ಮೊದಲ ಆಟ ‘ಅರೀನಾ’ 1994ರಲ್ಲಿ ಬಂತು. ಅದರ ವಿನ್ಯಾಸಕರಲ್ಲೊಬ್ಬರಾದ ಟೆಡ್ ಪೀಟರ್ಸನ್ ನೆನಪಿಸಿಕೊಂಡಿರುವ ಪ್ರಕಾರ, ‘ಎಲ್ಡರ್ ಸ್ಕ್ರೋಲ್ಸ್’ ಎಂಬ ಹೆಸರು ಹೊಳೆದದ್ದು ಮುಖ್ಯ ವಿನ್ಯಾಸಕ ವಿಜಯ್ ಲಕ್ಷ್ಮಣ್ ಅವರಿಗೆ. ಆ ಪುರಾತನ ಸುರುಳಿಗಳು ಏನು, ಎಲ್ಲಿಂದ ಬಂದವು, ಏನು ಮಾಡುತ್ತವೆ ಎಂಬುದು ಆಗ ತಂಡದಲ್ಲಿ ಯಾರಿಗೂ ತಿಳಿದಿರಲಿಲ್ಲ. ಡಬ್ಬಿಯ ಮೇಲೆ ಹೆಸರು ಅಚ್ಚಾಯಿತು, ಆಟದ ಆರಂಭದಲ್ಲಿ ಒಂದು ಮಾತು ಸೇರಿತು. ಅರ್ಥವನ್ನು ಆಮೇಲೆ, ವರ್ಷಗಳ ಮೇಲೆ ವರ್ಷ, ಬೇರೆ ಬೇರೆ ಬರಹಗಾರರು ತುಂಬುತ್ತ ಹೋದರು. ಹೆಸರು ಮೊದಲು ಹುಟ್ಟಿ ವಸ್ತು ಆಮೇಲೆ ಬೆಳೆದ ಈ ಬಗೆ ನನಗೆ ಬಹಳ ಇಷ್ಟ. ಪುರಾಣಗಳೂ ಎಷ್ಟೋ ಸಲ ಹೀಗೆಯೇ ಬೆಳೆದಿವೆ.

ತುಂಬಿದ ಅರ್ಥ ಸಣ್ಣದಲ್ಲ. ಈ ಸುರುಳಿಗಳು ಕಾಲದ ಹೊರಗಿನವು. ಎಷ್ಟಿವೆ ಎಂದು ಎಣಿಸಲಾಗುವುದಿಲ್ಲ. ಆಗಿಹೋದದ್ದು, ಆಗಬಹುದಾಗಿದ್ದದ್ದು, ಆಗಲಿರುವುದು ಎಲ್ಲವೂ ಅವುಗಳಲ್ಲಿ ಇರುತ್ತವೆ. ಓದುವ ಅಧಿಕಾರ ‘ಪೂರ್ವಜ ಪತಂಗ’ದ ಪಂಥಕ್ಕೆ ಸೇರಿದ ಸನ್ಯಾಸಿಗಳದು, ತಲೆಮಾರುಗಳಿಂದ ರೇಷ್ಮೆಯ ಪತಂಗಗಳನ್ನು ಸಾಕುತ್ತ ಬಂದವರದು. ಓದಿದ ಪ್ರತಿ ಸಲವೂ ಅವರ ಕಣ್ಣು ಮಸುಕಾಗುತ್ತದೆ. ಕೊನೆಯ ಓದಿನ ನಂತರ ಪೂರ್ತಿ ಕುರುಡು. ಆಟದೊಳಗೆ ಸಿಗುವ ಪುಟ್ಟ ಪುಸ್ತಕವೊಂದು ಓದುಗರಲ್ಲಿ ನಾಲ್ಕು ಬಗೆ ಎಂದು ವಿವರಿಸುತ್ತದೆ. ಏನೂ ತಿಳಿಯದವನು ಸುರುಳಿ ಬಿಡಿಸಿದರೆ ಅವನಿಗೆ ಏನೂ ಕಾಣುವುದಿಲ್ಲ, ಏನೂ ಆಗುವುದೂ ಇಲ್ಲ. ಅರ್ಧಂಬರ್ಧ ಬಲ್ಲವನು, ರಕ್ಷಣೆಯಿಲ್ಲದೆ ಓದಿದರೆ, ತಕ್ಷಣ ಕುರುಡಾಗುತ್ತಾನೆ. ಅಭ್ಯಾಸದಿಂದ ಮನಸ್ಸನ್ನು ಗಟ್ಟಿಮಾಡಿಕೊಂಡವನಿಗೆ ಒಂದಿಷ್ಟು ತಿಳಿವು, ಒಂದಿಷ್ಟು ಕುರುಡು. ಜೀವಮಾನವಿಡೀ ಸಾಧನೆ ಮಾಡಿದವನಿಗೆ ಹೆಚ್ಚು ತಿಳಿವು, ಕುರುಡು ಕ್ರಮೇಣ. ತಿಳಿದಷ್ಟೂ ಕಣ್ಣು ಹೋಗುತ್ತದೆ ಎಂಬ ಈ ಲೆಕ್ಕದಲ್ಲಿ ಊನ ಇರುವುದು ಗ್ರಂಥದಲ್ಲಲ್ಲ, ಓದುವವನ ದೇಹದಲ್ಲಿ. ಆದ್ದರಿಂದಲೇ ಆಟದ ಲೋಕದ ಸಾಮ್ರಾಜ್ಯದ ಗ್ರಂಥಾಲಯದಲ್ಲಿ ಸುರುಳಿಗಳಿದ್ದರೂ ಸಾಮ್ರಾಜ್ಯ ಬೀಳುತ್ತದೆ. ಓದಲು ಉಳಿದಿರುವ ಕಣ್ಣುಗಳು ಕೆಲವೇ.

2011ರ ‘ಸ್ಕೈರಿಮ್’ನಲ್ಲಿ ಇದೇ ಸುರುಳಿ ಆಯುಧವಾಗುತ್ತದೆ. ಲೋಕವನ್ನೇ ನುಂಗಲು ಬಂದ ಅಲ್ಡುಯಿನ್ ಎಂಬ ಡ್ರ್ಯಾಗನ್‌ನನ್ನು ಪ್ರಾಚೀನ ವೀರರು ಮೂವರು ಬೆಟ್ಟದ ತುದಿಯಲ್ಲಿ ಎದುರಿಸುತ್ತಾರೆ. ಕೊಲ್ಲಲಾಗದೆ, ಅವರಲ್ಲಿ ಹಿರಿಯನು ಸುರುಳಿಯನ್ನು ಬಳಸಿ ಅವನನ್ನು ಕಾಲದಿಂದಲೇ ಹೊರಗೆ ದೂಡುತ್ತಾನೆ. ದೂಡಿದ್ದು ಎಲ್ಲಿಗೆ? ಮುಂದಿನ ಶತಮಾನಗಳಿಗೆ. ಅಂದರೆ ಆ ಪೀಡೆ ತೀರಲಿಲ್ಲ, ಮೊಮ್ಮಕ್ಕಳ ಮೊಮ್ಮಕ್ಕಳ ಹೆಗಲಿಗೆ ಬಿತ್ತು. ಬೆಟ್ಟದ ತುದಿಯಲ್ಲಿ ಕಾಲಕ್ಕೆ ಆದ ಗಾಯ ಹಾಗೇ ಉಳಿದಿದೆ, ಗಾಳಿ ಅಲ್ಲಿ ಬಿಸಿಲ್ಗುದುರೆಯಂತೆ ನಡುಗುತ್ತದೆ. ಆಟಗಾರ ಅದೇ ಜಾಗದಲ್ಲಿ ನಿಂತು ಸುರುಳಿ ಬಿಡಿಸಿದಾಗ ಆ ಹಳೆಯ ಯುದ್ಧ ಕಣ್ಣೆದುರು ನಡೆಯುತ್ತದೆ. ಕಾಲಮಂತ್ರದ ಬಗ್ಗೆ ಇಡೀ ಸರಣಿಯಲ್ಲಿ ಇದಕ್ಕಿಂತ ಒಳ್ಳೆಯ ಯೋಚನೆ ಇಲ್ಲ. ಇವತ್ತು ಪರಿಹರಿಸಲಾಗದ್ದನ್ನು ನಾಳೆಗೆ ಎಸೆಯುವುದು ಹಳೆಯ ವೀರರೂ ಮಾಡಿದ ಕೆಲಸ, ಮತ್ತು ಅದರ ಗುರುತು ನೆಲದ ಮೇಲೆ ಉಳಿಯುತ್ತದೆ.

ಆದರೆ ಒಂದು ಕೊರತೆಯನ್ನು ಹೇಳಲೇಬೇಕು. ಸನ್ಯಾಸಿಗಳು ಕಣ್ಣು ತೆತ್ತು ಓದುವ ಬರಹವನ್ನು ಆಟಗಾರ ಏನೂ ತೆರದೆ ಓದುತ್ತಾನೆ. ದೃಷ್ಟಿ ಒಂದು ಗಳಿಗೆ ಮಸುಕಾಗಿ ಮತ್ತೆ ತಿಳಿಯಾಗುತ್ತದೆ, ಅಷ್ಟೆ. ಅವನಿಗಾಗಿ ಬೇರೆಯವರು ಕುರುಡಾಗುತ್ತಾರೆ. ಆಟ ಮುಂದುವರಿಯಬೇಕಾದರೆ ಹೀಗೆ ಮಾಡದೆ ವಿಧಿಯಿಲ್ಲ ಎಂದು ಬಲ್ಲೆ. ಆದರೂ ಅಷ್ಟು ಜತನದಿಂದ ಕಟ್ಟಿದ ಕಟ್ಟಳೆಯನ್ನು ನಾಯಕನಿಗಾಗಿ ಸಡಿಲಿಸಿದಾಗ ಗ್ರಂಥದ ತೂಕ ಕಡಿಮೆಯಾಯಿತು.

ಇದೇ ಸರಣಿಯ ಇನ್ನೊಂದು ಸಂಗತಿ ಕುತೂಹಲದ್ದು. 1996ರ ‘ಡ್ಯಾಗರ್‌ಫಾಲ್’ ಆಟಕ್ಕೆ ಹಲವು ಅಂತ್ಯಗಳಿದ್ದವು. ಮುಂದಿನ ಆಟ ಬರೆಯುವಾಗ ಯಾವುದು ನಿಜವಾಗಿ ನಡೆದದ್ದು ಎಂದು ತೀರ್ಮಾನಿಸಬೇಕಾಯಿತು. ಬರಹಗಾರರು ಯಾವುದನ್ನೂ ಬಿಡಲಿಲ್ಲ. ಕಾಲದ ದೇವತೆ ಡ್ರ್ಯಾಗನ್ ರೂಪದವನು, ಆ ಹೊತ್ತಿನಲ್ಲಿ ಅವನೇ ಮುರಿದ, ಒಂದಕ್ಕೊಂದು ಹೊಂದದ ಅಂತ್ಯಗಳೆಲ್ಲ ಒಟ್ಟಿಗೇ ನಡೆದವು ಎಂದು ಬರೆದರು. ಅದನ್ನು ‘ಡ್ರ್ಯಾಗನ್ ಬ್ರೇಕ್’ ಎಂದು ಕರೆದರು. ಮನೆಮನೆಗಳಲ್ಲಿ ಕೂತು ಆಡಿದವರ ಯಾರ ಆಟವೂ ಸುಳ್ಳಾಗಲಿಲ್ಲ. ಲೆಕ್ಕ ಹೊಂದಿಸುವ ಕಷ್ಟದಿಂದ ಹುಟ್ಟಿದ ಈ ಉಪಾಯ ಆ ಲೋಕದ ತತ್ತ್ವವೇ ಆಯಿತು.

ದಾಳ ಉರುಳಿಸಿ ಆಡುವ ‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ನಲ್ಲಿ (ಮೊದಲು ಬಂದದ್ದು 1974) ಇದೇ ತೊಡಕನ್ನು ಗಣಿತದಿಂದ ಬಗೆಹರಿಸಲಾಗಿದೆ. 2014ರ ಐದನೆಯ ಆವೃತ್ತಿಯ ನಿಯಮದಂತೆ ಮಾಂತ್ರಿಕನು ಹೊಸ ಮಂತ್ರವನ್ನು ತನ್ನ ಹೊತ್ತಿಗೆಗೆ ನಕಲು ಮಾಡಿಕೊಳ್ಳಲು ಮಂತ್ರದ ಒಂದೊಂದು ಮಟ್ಟಕ್ಕೆ 2 ಗಂಟೆ, 50 ಚಿನ್ನದ ನಾಣ್ಯ ಬೇಕು. ಕಾಲವನ್ನು ನಿಲ್ಲಿಸುವ ‘ಟೈಮ್ ಸ್ಟಾಪ್’ ಒಂಬತ್ತನೆಯ ಮಟ್ಟದ್ದು. ಅಂದರೆ 18 ಗಂಟೆಯ ಬರವಣಿಗೆ, 450 ನಾಣ್ಯ. ಅದನ್ನು ಪ್ರಯೋಗಿಸಿದರೆ ಸಿಗುವುದು ಎರಡರಿಂದ ಐದು ಸರದಿ. ಒಂದು ಸರದಿಗೆ 6 ಸೆಕೆಂಡಿನಂತೆ 12ರಿಂದ 30 ಸೆಕೆಂಡ್. ಹದಿನೆಂಟು ಗಂಟೆ ಬಗ್ಗಿ ಕೂತು ಬರೆದವನಿಗೆ ಅರ್ಧ ನಿಮಿಷ! 2020ರಲ್ಲಿ ಬಂದ ವೈಲ್ಡ್‌ಮೌಂಟ್ ಸೀಮೆಯ ಕೈಪಿಡಿಯಲ್ಲಿ ಕಾಲಮಂತ್ರಕ್ಕೇ ಮೀಸಲಾದ ಒಂದು ವಿದ್ಯಾಪರಂಪರೆ ಇದೆ. ಅಲ್ಲಿ ಮೇಲಿನ ಹಂತ ತಲುಪಿದವನು ದಾಳದ ಫಲವನ್ನೇ ತನ್ನ ಇಚ್ಛೆಗೆ ತಿರುಗಿಸಬಲ್ಲ. ಪ್ರತಿ ಸಲವೂ ದಣಿವು ಒಂದು ಮೆಟ್ಟಿಲು ಏರುತ್ತದೆ, ದೀರ್ಘ ವಿಶ್ರಾಂತಿಯಿಲ್ಲದೆ ಇಳಿಯುವುದಿಲ್ಲ. ಲೆಕ್ಕ ಒಣಗಿದಂತೆ ಕಂಡರೂ ನ್ಯಾಯವಾಗಿದೆ.

ರೌಲಿಂಗ್ ಅವರದು ಬೇರೆ ದಾರಿ. ಹ್ಯಾರಿ ಪಾಟರ್ ಸರಣಿಯ ಮೂರನೆಯ ಪುಸ್ತಕದಲ್ಲಿ ಕಾಲ ಹಿಂತಿರುಗಿಸುವ ಮರಳುಗಡಿಯಾರ ತಂದರು, ಐದನೆಯದರಲ್ಲಿ ಮಾಂತ್ರಿಕರ ಸಚಿವಾಲಯದ ಕಪಾಟಿನಲ್ಲಿದ್ದ ಅಂಥವನ್ನೆಲ್ಲ ಒಡೆಸಿದರು. 2016ರ ‘ಡಾಕ್ಟರ್ ಸ್ಟ್ರೇಂಜ್’ ಸಿನಿಮಾದಲ್ಲಿ ಕಠ್ಮಂಡುವಿನ ಕಲ್ಪಿತ ಗುರುಕುಲದ ಹಳೆಯ ಗ್ರಂಥದಿಂದ ಹಾಳೆಗಳು ಕಳುವಾಗಿರುತ್ತವೆ. ನಾಯಕ ಕಾಲವನ್ನು ಹಿಂದಕ್ಕೆ ತಿರುಗಿಸಿ ಆ ಹಾಳೆಗಳನ್ನು ಮರಳಿ ತರುತ್ತಾನೆ. ಕಾಲದ ಗ್ರಂಥವನ್ನು ಕಾಲದಿಂದಲೇ ರಿಪೇರಿ ಮಾಡುವ ಆ ಒಂದು ನಿಮಿಷ ಚೆನ್ನಾಗಿದೆ. ಉಳಿದದ್ದು ಅಬ್ಬರ.

ಹರಿದ ಹಾಳೆಗಿಂತ ಭಯಂಕರವಾದದ್ದು ಪೂರ್ತಿಯಾಗಿ ಸಿಕ್ಕ ಪುಸ್ತಕ. ಎಚ್.ಪಿ. ಲವ್‌ಕ್ರಾಫ್ಟ್ ಸಾಯುವ ಹಿಂದಿನ ವರ್ಷ, 1936ರ ಜೂನ್‌ನಲ್ಲಿ, ‘ಅಸ್ಟೌಂಡಿಂಗ್ ಸ್ಟೋರೀಸ್’ ಪತ್ರಿಕೆಯಲ್ಲಿ ‘ದಿ ಶ್ಯಾಡೋ ಔಟ್ ಆಫ್ ಟೈಮ್’ ಪ್ರಕಟವಾಯಿತು. ಪೀಸ್ಲಿ ಎಂಬ ಅರ್ಥಶಾಸ್ತ್ರದ ಪ್ರೊಫೆಸರ್‌ಗೆ 1908ರಲ್ಲಿ ತರಗತಿಯ ನಡುವೆ ನೆನಪು ತಪ್ಪುತ್ತದೆ. ಐದು ವರ್ಷ ಅವನ ದೇಹದಲ್ಲಿ ಬೇರೆ ಯಾರೋ ಇದ್ದರು. ಅವನ ಮನಸ್ಸು ಎಲ್ಲಿತ್ತು? ಮನುಷ್ಯ ಹುಟ್ಟುವ ಎಷ್ಟೋ ಕೋಟಿ ವರ್ಷಗಳ ಹಿಂದಿನ ಒಂದು ಮಹಾನಗರದಲ್ಲಿ. ಅಲ್ಲಿನ ಜೀವಿಗಳು ಎಲ್ಲ ಕಾಲಗಳಿಂದ ಮನಸ್ಸುಗಳನ್ನು ಸೆರೆತಂದು, ಒಬ್ಬೊಬ್ಬರಿಂದಲೂ ಅವರವರ ಕಾಲದ ಚರಿತ್ರೆ ಬರೆಸಿ, ತುಕ್ಕು ಹಿಡಿಯದ ಲೋಹದ ಪೆಟ್ಟಿಗೆಗಳಲ್ಲಿ ಇಡುತ್ತಿದ್ದರು. ಹಳತಿಗೆ ಹಳತಾದ ಗ್ರಂಥಾಲಯ, ಆದರೆ ಅದರಲ್ಲಿ ಇನ್ನೂ ನಡೆಯದ ಯುಗಗಳ ಚರಿತ್ರೆ ಇದೆ. 1935ರಲ್ಲಿ ಪಶ್ಚಿಮ ಆಸ್ಟ್ರೇಲಿಯಾದ ಮರುಭೂಮಿಯಲ್ಲಿ ಅವಶೇಷಗಳು ಸಿಗುತ್ತವೆ. ಪೀಸ್ಲಿ ಒಂದು ರಾತ್ರಿ ಒಬ್ಬನೇ ಕೆಳಗಿಳಿದು, ಕನಸಿನಲ್ಲಿ ಕಂಡ ದಾರಿಯಲ್ಲೇ ನಡೆದು, ಒಂದು ಪೆಟ್ಟಿಗೆಯನ್ನು ಹುಡುಕಿ ತೆಗೆಯುತ್ತಾನೆ. ಟಾರ್ಚಿನ ಬೆಳಕಿನಲ್ಲಿ ಪುಟ ನೋಡುತ್ತಾನೆ. ಏನು ಕಂಡೆ ಎಂದು ಆಗ ಹೇಳುವುದಿಲ್ಲ, ಕಥೆಯ ಕಟ್ಟಕಡೆಯ ವಾಕ್ಯದವರೆಗೂ ತಡೆಹಿಡಿಯುತ್ತಾನೆ. ಅಲ್ಲಿದ್ದದ್ದು ಇಂಗ್ಲಿಷ್ ಅಕ್ಷರಗಳು, ಅವನದೇ ಕೈಬರಹ.

ಇಲ್ಲಿ ಊನ ಎಲ್ಲಿದೆ? ಓಡಿ ಮೇಲೆ ಬರುವಾಗ ಆ ಪುಸ್ತಕ ಕೈಜಾರಿ ಆಳದಲ್ಲೇ ಉಳಿಯಿತು. ಸಾಕ್ಷಿ ಇಲ್ಲ. ಪ್ರಾಚೀನತೆಯನ್ನು ಇಷ್ಟು ಹತ್ತಿರಕ್ಕೆ ತಂದ ಇನ್ನೊಂದು ಕಥೆಯನ್ನು ನಾನು ಓದಿಲ್ಲ. ಹಳೆಯ ಹಸ್ತಪ್ರತಿಯ ಮುಂದೆ ಕೂತವರಿಗೆಲ್ಲ ಯಾರೋ ಬರೆದದ್ದು ಎಂಬ ದೂರವೇ ಒಂದು ನೆಮ್ಮದಿ. ಆ ನೆಮ್ಮದಿಯನ್ನು ಲವ್‌ಕ್ರಾಫ್ಟ್ ಒಂದೇ ಏಟಿಗೆ ಕಿತ್ತುಕೊಂಡರು.

ನಮ್ಮ ಮಾತಿನಲ್ಲಿ ಹಣೆಬರಹ ಎಂಬ ಶಬ್ದವಿದೆ, ಚಿತ್ರಗುಪ್ತನ ಕಡತವಿದೆ. ಟೆರ್ರಿ ಪ್ರ್ಯಾಚೆಟ್ ಅವರ ಡಿಸ್ಕ್‌ವರ್ಲ್ಡ್ ಲೋಕದಲ್ಲಿ ಆ ಬರಹಕ್ಕೆ ಒಂದು ವಿಳಾಸವೇ ಇದೆ. 1992ರ ‘ಸ್ಮಾಲ್ ಗಾಡ್ಸ್’ ಕಾದಂಬರಿಯ ಪ್ರಕಾರ ಎತ್ತರದ ಬೆಟ್ಟಗಳ ನಡುವಿನ ಮಠದಲ್ಲಿ ಚರಿತ್ರೆಯ ಪುಸ್ತಕಗಳು ಇಪ್ಪತ್ತು ಸಾವಿರ. ಒಂದೊಂದೂ ಹತ್ತು ಅಡಿ ಎತ್ತರ, ಸೀಸದ ರಟ್ಟು, ಭೂತಗನ್ನಡಿ ಇಲ್ಲದೆ ಓದಲಾಗದಷ್ಟು ಸಣ್ಣ ಅಕ್ಷರ. ಚರಿತ್ರೆಯಿಂದ ಪುಸ್ತಕವಲ್ಲ, ಪುಸ್ತಕದಿಂದ ಚರಿತ್ರೆ. ಅಲ್ಲಿನ ಸನ್ಯಾಸಿಗಳ ಕೆಲಸ, ಬರೆದಂತೆ ನಡೆಯುತ್ತಿದೆಯೇ ಎಂದು ನೋಡಿಕೊಳ್ಳುವುದು. ಬ್ರೂತಾ ಎಂಬ ಸರಳ ಹುಡುಗನ ಕಥೆಯನ್ನು ನೋಡಿ ಬರಲು ಲೂ-ಜೆ ಎಂಬ ಮುದುಕನನ್ನು ಕಳಿಸುತ್ತಾರೆ. ಮಠದಲ್ಲಿ ಅವನದು ಕಸ ಗುಡಿಸುವ ಕೆಲಸ. ಪುಸ್ತಕದಲ್ಲಿ ಆ ಹುಡುಗನಿಗೆ ಸಾವೂ, ಅದರ ಬೆನ್ನಿಗೆ ನೂರು ವರ್ಷದ ಯುದ್ಧವೂ ಬರೆದಿದೆ. ಮುದುಕ ನೋಡಿದ, ಮನಸ್ಸು ತಡೆಯಲಿಲ್ಲ. ಅಲ್ಲೊಂದು ಇಲ್ಲೊಂದು ಸಣ್ಣ ಕೈ ಹಾಕಿದ. ಹುಡುಗ ಬದುಕಿದ, ನೂರು ವರ್ಷ ನೆಮ್ಮದಿಯಾಯಿತು. ಪೊರಕೆ ಹಿಡಿದವನೊಬ್ಬ ವಿಧಿಯ ಪುಟವನ್ನು ಗುಡಿಸಿದ ಈ ಚಿತ್ರವನ್ನು ನಾನು ಮರೆಯಲಾರೆ. ಇಷ್ಟು ಹೊತ್ತು ನೋಡಿದ ಗ್ರಂಥಗಳೆಲ್ಲ ಮಹಾ ಮಾಂತ್ರಿಕರ, ದೊರೆಗಳ, ಪಂಡಿತರ ಕೈಯಲ್ಲಿದ್ದವು. ಪ್ರ್ಯಾಚೆಟ್ ಮಾತ್ರ ಅದನ್ನು ಕರುಣೆಯುಳ್ಳ ಕೂಲಿಯವನಿಗೆ ಕೊಟ್ಟರು.

ಕನ್ನಡದವರಿಗೆ ಕಾಲವನ್ನು ಹೇಳುವ ಹೊತ್ತಿಗೆ ಹೊಸತಲ್ಲ. ಯಾದಗಿರಿ ಸೀಮೆಯ ಕೊಡೇಕಲ್ ಬಸವಣ್ಣನ ಪರಂಪರೆಯ ಕಾಲಜ್ಞಾನದ ವಚನಗಳನ್ನು ಅಮರಗನ್ನಡವೆಂಬ ಗೂಢಲಿಪಿಯಲ್ಲಿ ಬರೆದಿಟ್ಟಿದ್ದಾರೆ. ಗಡಿಯಾಚೆ ಬನಗಾನಪಲ್ಲೆಯಲ್ಲಿ ವೀರಬ್ರಹ್ಮೇಂದ್ರ ಸ್ವಾಮಿಗಳು ತಮ್ಮ ಕಾಲಜ್ಞಾನದ ಪ್ರತಿಗಳನ್ನು ಹೂತು ಮೇಲೆ ಹುಣಸೆ ಗಿಡ ನೆಟ್ಟರೆಂಬ ಪ್ರತೀತಿ ಇದೆ. ಇವು ಜನ ನಂಬಿ ನಡೆಯುವ ಗ್ರಂಥಗಳು, ಕಟ್ಟುಕಥೆಯ ಸಾಲಿಗೆ ನಾನು ಸೇರಿಸುತ್ತಿಲ್ಲ. ಆದರೆ ಕಾಲದ ಮಾತನ್ನು ಲಿಪಿಯಲ್ಲಿ ಮುಚ್ಚಬೇಕು, ಮಣ್ಣಲ್ಲಿ ಮುಚ್ಚಬೇಕು, ಹೊತ್ತು ಬಂದಾಗಲಷ್ಟೇ ತೆರೆಯಬೇಕು ಎಂಬ ತಿಳಿವಳಿಕೆ ಇಲ್ಲಿಯೂ ಇದೆ.

ಅದೇ ತಿಳಿವಳಿಕೆ ಸಾಗರದಾಚೆಯ ಕೊಲಂಬಿಯಾದ ಕಾದಂಬರಿಯಲ್ಲಿ ಎದುರಾದಾಗ ಮೈ ಜುಮ್ಮೆನ್ನುತ್ತದೆ. 1967ರಲ್ಲಿ ಬಂದ ಗೇಬ್ರಿಯಲ್ ಗಾರ್ಸಿಯಾ ಮಾರ್ಕ್ವೆಜ್ ಅವರ ‘ನೂರು ವರ್ಷಗಳ ಏಕಾಂತ’ದಲ್ಲಿ ಮಕೋಂದೋ ಎಂಬ ಕಲ್ಪಿತ ಊರಿದೆ. ಅಲ್ಲಿಗೆ ಬಂದ ಅಲೆಮಾರಿ ಮೆಲ್ಕಿಯಾದೆಸ್ ಒಂದು ಕಟ್ಟು ಚರ್ಮದ ಹಾಳೆಗಳನ್ನು ಬಿಟ್ಟುಹೋಗುತ್ತಾನೆ. ಬುವೆಂದಿಯಾ ಮನೆತನದಲ್ಲಿ ತಲೆಮಾರಿಗೊಬ್ಬರು ಅದರ ಮುಂದೆ ಕೂತು ಸೋಲುತ್ತಾರೆ. ಕೊನೆಗೆ ತಿಳಿಯುವುದೇನೆಂದರೆ ಅದು ಸಂಸ್ಕೃತದಲ್ಲಿದೆ, ಮೆಲ್ಕಿಯಾದೆಸನ ತಾಯ್ನುಡಿಯಲ್ಲಿ. ಅದರ ಮೇಲೆ ಸಾಲು ಬಿಟ್ಟು ಸಾಲಿಗೆ ಎರಡು ಬಗೆಯ ಗೂಢಲಿಪಿ. ನೂರು ವರ್ಷ ತುಂಬುವ ಮುನ್ನ ಯಾರೂ ಅದರ ಅರ್ಥ ಬಿಡಿಸಲಾರರು. ಮನೆಯ ಕೊನೆಯ ಕುಡಿ ಔರೆಲಿಯಾನೋ ಸಂಸ್ಕೃತ ಕಲಿತು ಓದತೊಡಗಿದಾಗ ಹೊರಗೆ ಗಾಳಿ ಏಳುತ್ತದೆ. ಹಾಳೆಯಲ್ಲಿರುವುದು ತನ್ನದೇ ಮನೆತನದ ಚರಿತ್ರೆ. ದಿನದಿನದ ಘಟನೆಗಳೆಲ್ಲ ಒಂದೇ ಗಳಿಗೆಯಲ್ಲಿ ಒಟ್ಟಿಗಿರುವಂತೆ ಬರೆದದ್ದು. ಅವನು ಹಾಳೆ ಹಾರಿಸಿ ಮುಂದಕ್ಕೆ ಓಡುತ್ತಾನೆ, ತಾನು ಆ ಹಾಳೆ ಓದುತ್ತಿರುವ ಸಾಲನ್ನೇ ಓದುತ್ತಾನೆ. ಹೊತ್ತಿಗೆ ಮುಗಿಯುವ ಹೊತ್ತಿಗೆ ಊರೂ ಮುಗಿದಿರುತ್ತದೆ. ಗ್ರಂಥದಲ್ಲಿ ತಪ್ಪಿಲ್ಲ, ಕಣ್ಣು ಹೋಗಲಿಲ್ಲ, ಹಾಳೆ ಹರಿಯಲಿಲ್ಲ. ಓದಿ ತಿಳಿಯುವುದಕ್ಕೂ ಆಗುವುದಕ್ಕೂ ನಡುವೆ ಸೂಜಿಮೊನೆಯಷ್ಟೂ ಜಾಗ ಬಿಡಲಿಲ್ಲ ಮಾರ್ಕ್ವೆಜ್. ಈ ಸಮಸ್ಯೆಗೆ ಸಿಕ್ಕಿರುವ ಎಲ್ಲ ಉತ್ತರಗಳಲ್ಲಿ ಇದೇ ದೊಡ್ಡದೆಂದು ನನ್ನ ಮನಸ್ಸು ಹೇಳುತ್ತದೆ.

ಇದರ ಸಮೀಪಕ್ಕೆ ಬರುವುದು ಜರ್ಮನಿಯ ಮೈಕೆಲ್ ಎಂಡೆ 1979ರಲ್ಲಿ ಬರೆದ ‘ಮುಗಿಯದ ಕಥೆ’. ಅಲೆಯುವ ಬೆಟ್ಟದ ಮುದುಕನೊಬ್ಬ ನಡೆಯುವುದನ್ನೆಲ್ಲ ನಡೆಯುವಾಗಲೇ ಬರೆಯುತ್ತಿರುತ್ತಾನೆ. ಲೋಕದ ಪುಟ್ಟ ಮಹಾರಾಣಿ ಅಕ್ಷರಗಳ ಏಣಿ ಹತ್ತಿ ಅವನಲ್ಲಿಗೆ ಹೋಗಿ ಕಥೆಯನ್ನು ಮೊದಲಿನಿಂದ ಹೇಳು ಎನ್ನುತ್ತಾಳೆ. ಅವನು ಹೇಳುತ್ತ ಹೇಳುತ್ತ ಈ ಗಳಿಗೆಗೆ ಬಂದಾಗ ಮತ್ತೆ ಮೊದಲಿನಿಂದ ಹೇಳಬೇಕಾಗುತ್ತದೆ, ಮತ್ತೆ, ಮತ್ತೆ. ಆ ಸುಳಿಯಿಂದ ಬಿಡಿಸಬಲ್ಲವನು ಹೊರಗೆ ಕೂತು ಅದೇ ಪುಸ್ತಕ ಓದುತ್ತಿರುವ ಬಾಸ್ತಿಯಾನ್ ಎಂಬ ಹುಡುಗನೊಬ್ಬನೇ, ಅವನು ಮಹಾರಾಣಿಗೆ ಹೊಸ ಹೆಸರಿಟ್ಟು ಕೂಗಬೇಕು. ಪಾತ್ರ ಪುಸ್ತಕವನ್ನು ಬಲ್ಲ ಪರಿ ನಮಗೆ ಅಧ್ಯಾತ್ಮ ರಾಮಾಯಣದಿಂದ ಪರಿಚಿತ. ಕಾಡಿಗೆ ಬರಬೇಡವೆಂದ ರಾಮನಿಗೆ ಸೀತೆ, ಎಷ್ಟೋ ರಾಮಾಯಣಗಳನ್ನು ಕೇಳಿದ್ದೀರಲ್ಲ, ಯಾವುದರಲ್ಲಾದರೂ ಸೀತೆ ಹೋಗದೆ ಉಳಿದಳೇ ಎಂದು ಕೇಳುತ್ತಾಳೆ. ಮೈಸೂರಿನಲ್ಲಿ ಹುಟ್ಟಿದ ಎ.ಕೆ. ರಾಮಾನುಜನ್ ತಮ್ಮ ಪ್ರಸಿದ್ಧ ಪ್ರಬಂಧದಲ್ಲಿ ಈ ಮಾತಿನ ಸೊಗಸನ್ನು ಎತ್ತಿ ತೋರಿಸಿದರು. ಸೀತೆಯ ಕೈಯಲ್ಲಿ ಪುಸ್ತಕವಿಲ್ಲ, ಕೇಳಿದ ನೆನಪಿದೆ. ಅದನ್ನು ಅವಳು ಭಯಕ್ಕಲ್ಲ, ಜೊತೆಗೆ ಹೊರಡುವುದಕ್ಕೆ ಬಳಸುತ್ತಾಳೆ.

ಕೇಳಿದ ಕಥೆ ಎಂದಾಗ ಹೋಶ್‌ರುಬಾ ಮತ್ತೆ ನೆನಪಾಗುತ್ತದೆ. ಅಚ್ಚಿಗೆ ಬರುವ ಮೊದಲು, ಬಂದ ಮೇಲೆಯೂ, ಅದು ಬಾಯಲ್ಲಿ ಹೇಳುವ ಕಥೆ. ದಿಲ್ಲಿಯ ಕೊನೆಯ ಹೆಸರಾಂತ ದಾಸ್ತಾನ್‌ಗೋ (ದಾಸ್ತಾನ್ ಹೇಳುವ ಕಥೆಗಾರ) ಮೀರ್ ಬಾಕರ್ ಅಲಿ 1928ರಲ್ಲಿ ತೀರಿಕೊಂಡರು. ಆ ಕಸುಬಿನಲ್ಲಿ ದಾಸ್ತಾನನ್ನು ತಡೆಯುವುದು ಎಂಬ ಒಂದು ವಿದ್ಯೆ ಇತ್ತು. ಕಥೆಯನ್ನು ಮುಂದೆ ಸಾಗಿಸದೆ, ಕೇಳುವವರನ್ನೂ ಏಳಲು ಬಿಡದೆ, ಒಂದೇ ಗಳಿಗೆಯಲ್ಲಿ ನಿಲ್ಲಿಸಿಟ್ಟುಕೊಳ್ಳುವುದು. ಹಾಗೆ ಒಬ್ಬ ಕಥೆಗಾರ ಪ್ರೇಮಿಯನ್ನು ಪ್ರಿಯತಮೆಯ ಕೋಣೆಯ ಬಾಗಿಲಿಗೆ ತಂದು ನಿಲ್ಲಿಸಿದನೆಂದು ಹೇಳುತ್ತಾರೆ. ನಡುವೆ ಒಂದು ಪರದೆ ಮಾತ್ರ. ಕಥೆಗಾರ ಪರದೆಯ ಬಣ್ಣ ಹೇಳಿದ, ನೇಯ್ಗೆ ಹೇಳಿದ, ಅದರಾಚೆಯ ಸುಗಂಧ ಹೇಳಿದ, ಒಳಗಿನವಳ ಉಸಿರು ಹೇಳಿದ. ಆ ದಿನ ಮುಗಿಯಿತು. ಜನ ಮರುದಿನ ಬಂದರು, ಅದರ ಮರುದಿನವೂ ಬಂದರು, ದಿನಗಟ್ಟಲೆ ಬಂದರು. ಪರದೆ ಇನ್ನೂ ಸರಿದಿರಲಿಲ್ಲ.